ಲೇಖನಿ ಹಿಡಿದ ನಟ: ರೆನೆ ಲೆಫೆವ್ರ್

ಚಲಚ್ಚಿತ್ರದ ಚರಿತ್ರೆಯನ್ನು ಬರೆದವರು ನಿರ್ದೇಶಕನೊಬ್ಬನನ್ನೇ ಕೃತಿಯ ಕರ್ತೃವೆಂದು ಎಣಿಸುವ ರೂಢಿಯನ್ನು ಎಷ್ಟು ಬಲವಾಗಿ ನೆಲೆಗೊಳಿಸಿರುವರೆಂದರೆ, 1931ರ 'ಲ ಮಿಲಿಯೋಂ' ರೆನೆ ಕ್ಲೇರನದೆಂದೂ 1936ರ 'ಲ ಕ್ರೀಮ್ ದ ಮಸ್ಯೂ ಲಾಂಜ್' ಜ್ಯಾಂ ರೆನ್ವಾರನದೆಂದೂ ತಟ್ಟನೆ ಹೇಳಬಲ್ಲ ರಸಿಕರಿಗೂ ಈ ಎರಡರ ನಾಯಕನು ಒಬ್ಬನೇ ಎಂಬ ಸಂಗತಿ ಹೊಳೆಯುವುದಿಲ್ಲ. ಆ ನಾಯಕನೇ 1898ರಲ್ಲಿ ನೀಸ್ ನಗರದಲ್ಲಿ ಜನಿಸಿದ ರೆನೆ ಲೆಫೆವ್ರ್. ನಟನು, ಚಿತ್ರಕಥೆಗಾರನು, ಕಾದಂಬರಿಕಾರನು.

ಮಾರ್ಸೆಲ್ ಅಶಾರನ ನಾಟಕವನ್ನು ಆಧರಿಸಿದ 'ಜ್ಯಾಂ ದ ಲಾ ಲ್ಯೂನ್' ಚಿತ್ರವೂ 'ಲ ಮಿಲಿಯೋಂ' ಚಿತ್ರವೂ ಒಂದೇ ವರ್ಷ ತೆರೆಗೆ ಬಂದು, ಬಾಲ್ಯಾವಸ್ಥೆಯಲ್ಲಿದ್ದ ಫ್ರೆಂಚ್ ವಾಕ್ಚಿತ್ರಕ್ಕೆ ಈತನನ್ನು ಪರಿಚಯಿಸಿದುವು. ಎರಡನೆಯದರಲ್ಲಿ ಅವನು ಸಾಲದಲ್ಲಿ ಮುಳುಗಿದ ಚಿತ್ರಕಾರ; ಬಹುಮಾನ ಬಂದ ಲಾಟರಿ ಚೀಟಿಯಿರುವ ಹಳೆಯ ಕೋಟು ಕೈಯಿಂದ ಕೈಗೆ ದಾಟಿ ಸಂಗೀತನಾಟಕದ ಗಾಯಕನೊಬ್ಬನ ಮೈಯೇರುತ್ತದೆ. ಅದನ್ನು ಅರಸುತ್ತ ರಂಗದ ಮೇಲೆಯೇ ಸಿಕ್ಕಿಬಿದ್ದ ಪ್ರೇಮಿಗಳು ಪರದೆ ಮರಗಳ ಮರೆಯಲ್ಲಿ ಅವಿತಿರುವಾಗ, ಮುಂದೆ ಸ್ಥೂಲಕಾಯದ ಗಾಯಕ ಗಾಯಕಿಯರು ಕೃತಕ ಪ್ರಣಯವನ್ನು ಉಚ್ಚಕಂಠದಿಂದ ಹಾಡುತ್ತಾರೆ. ಹಿಂದೆ ಆ ಹಾಡಿನ ಆಶ್ರಯದಲ್ಲೇ ಮುನಿದವಳು ಒಲಿಯುತ್ತಾಳೆ. ಮಾತು ಬಂದ ಹೊಸತರಲ್ಲಿ ನಟರೆಲ್ಲ ಮಾತಿಗೆ ಹಾತೊರೆಯುತ್ತಿದ್ದಾಗ, ಈತನು ಇಲ್ಲಿ ಮೌನವಾಗಿ ಆ ಪರಿವರ್ತನೆಯನ್ನು ಮುಖದಲ್ಲೇ ತೋರಿಸಿದುದನ್ನು ಗಮನಿಸಬೇಕು.

ಅವನ ಪಾತ್ರಗಳ ಸ್ವಭಾವಕ್ಕೆ ನಮ್ಮ 'ಸಾಧು' ಎಂಬ ಪದವೇ ಒಪ್ಪುತ್ತದೆ. ಹಾಯದ ಹಸುವಿಗೂ ಪ್ರಪಂಚವನ್ನು ತೊರೆದ ಸಂತನಿಗೂ ನಾವು ಬಳಸುವುದು ಈ ಒಂದೇ ಮಾತನ್ನು. ಲೆಫೆವ್ರನ ಸಾಧುತ್ವ ಬಹುಕಾಲ ಈ ಎರಡರ ನಡುವೆ ತೂಗುತ್ತಿತ್ತು. 'ಲ ಕ್ರೀಮ್ ದ ಮಸ್ಯೂ ಲಾಂಜ್' ಚಿತ್ರದಲ್ಲಿ ಅದನ್ನು ಒರೆಗೆ ಹಚ್ಚಿದವರು ರೆನ್ವಾರನೂ ಸಂಭಾಷಣೆ ಬರೆದ ಕವಿ ಜ್ಯಾಕ್ ಪ್ರೆವೆರನೂ.

ಲೆಫೆವ್ರ್ ವಹಿಸಿದ ಲಾಂಜ್ ಪ್ಯಾರಿಸಿನ ಒಂದು ವಠಾರದ ಮುದ್ರಣಾಲಯದಲ್ಲಿ ದುಡಿಯುತ್ತ, ರಾತ್ರಿ ನಿದ್ದೆಗೆಟ್ಟು 'ಅರಿಜೋನಾ ಜಿಮ್' ಎಂಬ ಸಾಹಸಕಥೆಗಳನ್ನು ಬರೆಯುವ ಬಡ ನೌಕರ. ಯಜಮಾನ ಬತಾಲ, ಜ್ಯೂಲ್ ಬೆರಿಯ ಮೋಹಕವಾದ ಅಭಿನಯದಲ್ಲಿ ಮೂಡಿದ ವಂಚಕ, ಆ ಕಥೆಗಳ ನಡುವೆ ಮಾತ್ರೆಯ ಜಾಹೀರಾತನ್ನು ತುರುಕಿ ಅಚ್ಚುಹಾಕಿಸುತ್ತಾನೆ. ತನ್ನ ಬರಹ ಹೀಗೆ ಕೆಟ್ಟುದನ್ನು ಕಂಡ ಲಾಂಜನ ನೋವು ಬರೆಯುವವನ ನೋವು. ಸ್ವತಃ ಲೇಖಕನಾದ ನಟನಿಗೆ ಅದನ್ನು ಯಾರೂ ಕಲಿಸಬೇಕಾಗಿರಲಿಲ್ಲವೆಂದು ನಮ್ಮ ಊಹೆ. ಸಾಲ ಕೊಟ್ಟವರಿಗೆ ಹೆದರಿ ಓಡಿದ ಬತಾಲ ರೈಲು ಅಪಘಾತದಲ್ಲಿ ಸತ್ತನೆಂದು ನಂಬಿ ಕೆಲಸಗಾರರು ಸಹಕಾರ ಸಂಘ ಕಟ್ಟಿ ಏಳಿಗೆ ಹೊಂದುತ್ತಿರುವಾಗ, ಅವನು ಪಾದ್ರಿಯ ವೇಷದಲ್ಲಿ ಮರಳಿ ತನ್ನ ಪಾಲನ್ನು ಕೇಳುತ್ತಾನೆ. ಲಾಂಜ್ ಮೆಟ್ಟಿಲಿಳಿದು ಅಂಗಳಕ್ಕೆ ಬರುವುದನ್ನು ಕಿಟಕಿಗಳ ಮೂಲಕ ಹಿಂಬಾಲಿಸಿದ ಕ್ಯಾಮೆರಾ, ಅವನನ್ನು ಬಿಟ್ಟು ಇಡೀ ವಠಾರವನ್ನು ಸುತ್ತಿ ಬರುವಷ್ಟರಲ್ಲಿ ಗುಂಡು ಹಾರುವ ಕ್ಷಣ ಸಮೀಪಿಸಿರುತ್ತದೆ. ವಿಮರ್ಶಕರು ಈ ಸುತ್ತನ್ನೇ ಹೊಗಳಿದರು, ಯುಕ್ತವೇ. ಆದರೆ ಕೊಲ್ಲಹೊರಟವನ ಮುಖದಲ್ಲಿ ಕ್ರೋಧ ಲೇಶಮಾತ್ರವೂ ಇಲ್ಲದೆ, ಮರೆತ ಕೆಲಸವೊಂದು ನೆನಪಾದವನ ತನ್ಮಯತೆ ಇರುವುದರಿಂದಲೇ, ಕೊಲೆಯ ನಂತರ ಓಡಿಬಂದ ಅವನನ್ನು ಹಿಡಿದುಕೊಡದ, ಗಡಿಯ ಬಳಿಯ ಹೋಟೆಲಿನ ಜನರಂತೆ ನಾವೂ ಅವನನ್ನು ಬಿಟ್ಟುಬಿಡಲು ಒಪ್ಪುತ್ತೇವೆ.

ಬರಹದಲ್ಲಿಯೂ ಲೆಫೆವ್ರನ ಒಲವು ಇಂತಹ ಸಾಧು ಜನರ ಕಡೆಗೇ. ಸಾಲ್ವೇಷನ್ ಆರ್ಮಿಯವರ ಬದುಕನ್ನು ಕುರಿತ ಅವನ ಕಾದಂಬರಿ 'ಲೆ ಮ್ಯೂಸಿಸಿಯೆಂ ದ್ಯು ಸಿಯೆಲ್' 1940ರಲ್ಲಿ ಜಾರ್ಜ್ ಲಕೋಂಬನ ನಿರ್ದೇಶನದಲ್ಲಿ ಚಿತ್ರವಾದಾಗ, ಮಿಶೆಲ್ ಮಾರ್ಗನ್, ಮಿಶೆಲ್ ಸಿಮೋಂ ಇವರೊಡನೆ ತಾನೂ ನಟಿಸಿದನು. 1959ರ 'ರ್ಯು ದೆ ಪ್ರೆರಿ' ಚಿತ್ರಕ್ಕೂ ಅವನದೇ ಕಾದಂಬರಿ ಮೂಲ: ಯುದ್ಧದ ಸೆರೆಯಿಂದ ಮರಳಿದ ಕೂಲಿಕಾರನೊಬ್ಬನು, ಮೃತಳಾದ ಹೆಂಡತಿ ಬಿಟ್ಟುಹೋದ ಪರರ ಮಗುವನ್ನು ತನ್ನ ಮಕ್ಕಳೊಡನೆ ಸಾಕುತ್ತಾನೆ, ಕಡೆಗೆ ಸ್ವಂತ ಮಕ್ಕಳು ದೂರವಾಗಿ, ಆ ಪರರ ಮಗನೇ ಅವನಲ್ಲಿ ಉಳಿಯುತ್ತಾನೆ. ಆ ಕೂಲಿಕಾರನಾಗಿ ನಟಿಸಿದ ಜ್ಯಾಂ ಗಬ್ಯಾಂ ಎಂಬ ಮಹಾನಟನ ಪ್ರಭೆಯಲ್ಲಿ ಮೂಲಲೇಖಕನ ಹೆಸರು ಮಸುಕಾಯಿತು.

1962ರಲ್ಲಿ ಮೆಲ್ವಿಲ್ ನಿರ್ದೇಶಿಸಿದ 'ಲ ದೂಲೋಸ್' ಚಿತ್ರದ ಆರಂಭದಲ್ಲಿ ಕಳವಿನ ಒಡವೆಗಳ ಮುಂದೆ ಕುಳಿತ ಮುದುಕ ಲೆಫೆವ್ರನೇ. ಬಂದ ಅತಿಥಿಯೊಡನೆ ಸ್ನೇಹದಿಂದ ಮಾತಾಡುತ್ತಿರುವಾಗಲೇ, ಆ ಅತಿಥಿಯ ಗುಂಡಿಗೆ ಬಲಿಯಾಗಿ ಅವನ ಪಾತ್ರ ಮುಗಿಯುತ್ತದೆ. ಲೆಫೆವ್ರ್ ತೀರಿಕೊಂಡುದು 1991ರಲ್ಲಿ, ತನ್ನ 93ನೆಯ ವಯಸ್ಸಿನಲ್ಲಿ.