ಚರಕದ ಎಳೆ

ರೇಷ್ಮೆ ಸೀರೆ ಉಟ್ಟಾಗ ನಾವು ನೇಕಾರನನ್ನು ಹೊಗಳುತ್ತೇವೆ. ಅವನಿಗೆ ನೂಲು ಬಿಚ್ಚಿಕೊಟ್ಟವರು ನೆನಪಾಗುವುದಿಲ್ಲ.

1780ರ ದಶಕದಲ್ಲಿ ಟಿಪ್ಪು ಸುಲ್ತಾನ ಬಂಗಾಳದಿಂದ ಹುಳುಮೊಟ್ಟೆ ತರಿಸಿ ಮೈಸೂರು ಸೀಮೆಯಲ್ಲಿ ರೇಷ್ಮೆ ಬೆಳೆಸಿದ. ಕೊಳ್ಳೇಗಾಲದ ಸೀಮೆ 1956ರ ನವೆಂಬರ್ 1ರವರೆಗೆ ಮದ್ರಾಸಿನ ಆಡಳಿತದಲ್ಲಿತ್ತು. ಆದರೂ ಹಿಪ್ಪುನೇರಳೆ, ಗೂಡು, ಚರಕ ಇಲ್ಲಿಯೂ ಮನೆಮಾತಾದವು.

ಚರಕಕ್ಕೆ ಇಬ್ಬರು ಬೇಕು. ಒಬ್ಬರು ಕುದಿಯುವ ನೀರಿನಲ್ಲಿ ಗೂಡು ಕದಡಿ, ತುದಿಗಳನ್ನು ಹಿಡಿದು, ಹಲವು ಎಳೆ ಕೂಡಿಸಿಕೊಡಬೇಕು. ಇನ್ನೊಬ್ಬರು ರಾಟೆ ತಿರುಗಿಸಬೇಕು. ಒಂದು ಗೂಡು ಮುಗಿಯುವಷ್ಟರಲ್ಲಿ ಮತ್ತೊಂದರ ಎಳೆ ಸೇರಬೇಕು. ಎಣಿಸಲು ಪುರುಸೊತ್ತಿಲ್ಲ, ಕಣ್ಣಳತೆಯೇ ಲೆಕ್ಕ. ಮೈಸೂರು ತಳಿಯ ಹಸಿರು ಮಿಶ್ರಿತ ಹಳದಿ ಗೂಡಿನ ಈ ನೂಲು ಸ್ವಲ್ಪ ಏರುಪೇರು. ಅದಕ್ಕೇ ಹಾಸಿಗಿಂತ ಹೊಕ್ಕಿಗೆ ಹೆಚ್ಚು ಸಲ್ಲುತ್ತಿತ್ತು.

ಕುಂತೂರಿನಲ್ಲಿ ನಾನು ಪಾಠ ಹೇಳುತ್ತಿದ್ದಾಗ ನೂಲು ಬಿಚ್ಚುವ ತಾಯಿಯೊಬ್ಬಳು ಸುಲಿದ ಬೆರಳು ತೋರಿಸಿದ್ದಳು. “ಮುದ್ದೆ ಮುರಿದು ಸಾರಿಗದ್ದಿದ್ರೆ ಪ್ರಾಣ ಹೋದಂಗಾಯ್ತದೆ, ಟೀಚರಮ್ಮ. ಮಗಳಿಗೆ ಇದು ಬ್ಯಾಡ, ಓದ್ಲಿ” ಎಂದಳು.

ಬಿಳಿಯ ದ್ವಿತಳಿ ಗೂಡು ಬಂತು, ಒಂದೇ ಸಮನಾದ ನೂಲು ತೆಗೆಯುವ ಯಂತ್ರಗಳು ಬಂದವು. ಚರಕ ಮೂಲೆ ಸೇರುತ್ತಿದೆ. ಆ ಉರಿ ಹೋಗಲಿ, ಅದಕ್ಕೆ ಅಳಬೇಕಿಲ್ಲ. ನನ್ನ ಸಂಕಟ ಬೇರೆ. ನೇಯುವವನನ್ನು ಕುಶಲಕರ್ಮಿ ಎಂದೆವು. ಹಬೆಯ ನಡುವೆ ಕೂದಲಿಗಿಂತ ತೆಳುವಾದ ಎಳೆಯನ್ನು ಗುರುತಿಸಿದವಳನ್ನು ಕೂಲಿಯವಳೆಂದೆವು. ಆ ವಿದ್ಯೆ ಬಲ್ಲ ಅಜ್ಜಿಯರು ಇನ್ನೂ ಅಲ್ಲಲ್ಲಿ ಇದ್ದಾರೆ. ನಿಮ್ಮ ಮನೆಯಲ್ಲೇ ಒಬ್ಬರಿದ್ದರೆ, ಕೂತು ಕೇಳಿ, ಬರೆದಿಡಿ.