ಬಾಲಣ್ಣನ ಇಪ್ಪತ್ತು ಎಕರೆ

ನಮ್ಮ ಬಾಗಲಗುಂಟೆಯಿಂದ ತುಮಕೂರು ರಸ್ತೆಯಲ್ಲಿ ಗೊರಗುಂಟೆಪಾಳ್ಯದವರೆಗೆ ಬಂದು ರಿಂಗ್ ರಸ್ತೆ ಹಿಡಿದರೆ ಕಂಠೀರವ ಸ್ಟುಡಿಯೊ. ಡಾ. ರಾಜ್‌ಕುಮಾರ್ ಸಮಾಧಿ ಇರುವ ಜಾಗ ಎಂದರೆ ಎಲ್ಲರಿಗೂ ಗೊತ್ತು. 1966ರಲ್ಲಿ ಸರ್ಕಾರವೇ ಕಟ್ಟಿದ ಕಂಪನಿ ಅದು. ಹಾಲು, ಸೋಪು, ರೇಷ್ಮೆಯ ಹಾಗೆ ಸಿನಿಮಾಕ್ಕೂ ಸರ್ಕಾರ ಕೈ ಹಾಕುತ್ತಿದ್ದ ಕಾಲ. ಫಿಲ್ಮ್ ರೀಲು ತರಿಸಲೂ ಲೈಸೆನ್ಸ್ ಬೇಕಿತ್ತು. ಸಂವಿಧಾನದ ಪ್ರಸ್ತಾವನೆಗೆ 'ಸಮಾಜವಾದಿ' ಎಂಬ ಪದ ಸೇರಿದ್ದು 1976ರಲ್ಲಿ. ನಡವಳಿಕೆ ಅದಕ್ಕೂ ಮೊದಲೇ ಇತ್ತು.

ಆ ಕಾಲದಲ್ಲೇ ಒಬ್ಬ ಪೋಷಕ ನಟ ಸ್ವಂತ ಸ್ಟುಡಿಯೊ ಕಟ್ಟಲು ಹೊರಟರು. ಅವರೇ ಟಿ.ಎನ್. ಬಾಲಕೃಷ್ಣ, ಜನರ ಬಾಯಲ್ಲಿ ಬಾಲಣ್ಣ.

ಅರಸೀಕೆರೆಯವರು, ನಾಟಕ ಕಂಪನಿಯಲ್ಲಿ ಪಳಗಿದವರು. ಕಿವಿ ಸರಿಯಾಗಿ ಕೇಳಿಸುತ್ತಿರಲಿಲ್ಲ. ಎದುರಿನವರ ತುಟಿ ನೋಡಿಕೊಂಡೇ ತಮ್ಮ ಮಾತು ಎತ್ತುತ್ತಿದ್ದರು. 1943ರ 'ರಾಧಾರಮಣ'ದಿಂದ ಶುರುವಾಗಿ ಐನೂರಕ್ಕೂ ಹೆಚ್ಚು ಚಿತ್ರ. ಕೇಡಿಗನಾಗಿ ಬೈಸಿಕೊಂಡರು, ಹಾಸ್ಯದಲ್ಲಿ ನಗಿಸಿದರು. 'ಬಂಗಾರದ ಮನುಷ್ಯ'ದ ರಾಚೂಟಪ್ಪನನ್ನು ನೋಡಿ, ಇಂಥವರೊಬ್ಬರು ನಮ್ಮೂರಲ್ಲೂ ಇದ್ದಾರಲ್ಲ ಅನ್ನಿಸುತ್ತದೆ. ನಮ್ಮ ಮಟ್ಟಿಗೆ ಅದೇ ಅವರ ಅತ್ಯುತ್ತಮ ಪಾತ್ರ.

ಕನ್ನಡ ಚಿತ್ರಗಳು ಆಗ ಹೆಚ್ಚಾಗಿ ಮದ್ರಾಸಿನಲ್ಲಿ ತಯಾರಾಗುತ್ತಿದ್ದವು. ಕೈಯಲ್ಲಿ ಕೆಲಸ ಕಡಿಮೆ ಇದ್ದಾಗ ರಾಜ್‌ಕುಮಾರ್, ನರಸಿಂಹರಾಜು, ಜಿ.ವಿ. ಅಯ್ಯರ್ ಜೊತೆ ಕಲಾವಿದರ ಸಂಘ ಕಟ್ಟಿಕೊಂಡು 1960ರಲ್ಲಿ 'ರಣಧೀರ ಕಂಠೀರವ' ತೆಗೆದವರಲ್ಲಿ ಬಾಲಣ್ಣನೂ ಒಬ್ಬರು. ಪರವೂರಿನ ಫ್ಲೋರಿಗೆ ಕಾಯುವ ಕಷ್ಟ ಅವರಿಗೆ ಗೊತ್ತಿತ್ತು.

1970ರ ಸುಮಾರಿಗೆ ಕೆಂಗೇರಿ ಹೋಬಳಿಯ ಮೈಲಸಂದ್ರದಲ್ಲಿ ಸರ್ಕಾರ ಅವರಿಗೆ 20 ಎಕರೆ ಕೊಟ್ಟಿತು, ಸ್ಟುಡಿಯೊ ಕಟ್ಟುವುದಕ್ಕೆಂದೇ. ಅದೇ ಅಭಿಮಾನ್ ಸ್ಟುಡಿಯೊ. ಭೂಮಿ ಸಿಕ್ಕಿತು, ನಡೆಸುವ ದುಡ್ಡು ಅವರೇ ಹೊಂದಿಸಬೇಕು. ನಟನೆಯಿಂದ ಬಂದದ್ದನ್ನೆಲ್ಲ ಅಲ್ಲಿಗೇ ಸುರಿದರು. ಅಷ್ಟರಲ್ಲಿ ಸಿನಿಮಾದವರು ಫ್ಲೋರು ಬಿಟ್ಟು ಬಯಲಿಗೆ ಬಂದಿದ್ದರು. 1972ರ 'ನಾಗರಹಾವು' ಚಿತ್ರದುರ್ಗದ ಕಲ್ಲುಕೋಟೆಯನ್ನೇ ಸೆಟ್ ಮಾಡಿಕೊಂಡಿತು. ಒಳಾಂಗಣ ಬೇಕೆಂದವರಿಗೆ ಸರ್ಕಾರದ್ದೇ ಕಂಠೀರವ ಇತ್ತು. ಒಂದು ಕೈಯಲ್ಲಿ ಜಮೀನು ಕೊಟ್ಟ ಸರ್ಕಾರ, ಇನ್ನೊಂದು ಕೈಯಲ್ಲಿ ಅದೇ ವ್ಯಾಪಾರ ಮಾಡುತ್ತಿತ್ತು. ಇದನ್ನು ಯಾರೂ ಹೇಳುವುದಿಲ್ಲ, ನಾವು ಹೇಳುತ್ತೇವೆ.

ಪೂರ್ವ ಜರ್ಮನಿಯಲ್ಲಾದರೆ ಸ್ಟುಡಿಯೊವೇ ಸರ್ಕಾರದ್ದು, ಹೆಸರು ಡೆಫಾ. ಅನೇಕ ನಟರಿಗೆ ತಿಂಗಳ ಸಂಬಳ. ಏನು ತೆಗೆಯಬೇಕು ಎಂಬುದಕ್ಕೂ ಸರ್ಕಾರದ ಅಪ್ಪಣೆ ಬೇಕಿತ್ತು, ಆ ಮಾತು ಬೇರೆ. ಬಾಲಣ್ಣನಿಗೆ ಸಂಬಳವೂ ಇಲ್ಲ, ಪಿಂಚಣಿಯೂ ಇಲ್ಲ. ವಯಸ್ಸಾದ ಮೇಲೂ ಬಂದ ಪಾತ್ರ ಒಪ್ಪುತ್ತಲೇ ಹೋದರು. 1995ರ ಜುಲೈ 19ರಂದು ತೀರಿಕೊಂಡರು.

2009ರ ಡಿಸೆಂಬರ್ 30ರಂದು ವಿಷ್ಣುವರ್ಧನ್ ಅಂತ್ಯಸಂಸ್ಕಾರ ನಡೆದದ್ದು ಇದೇ ಅಭಿಮಾನ್ ಸ್ಟುಡಿಯೊದಲ್ಲಿ. ಆಮೇಲೆ ಜಮೀನಿನ ವ್ಯಾಜ್ಯ ಕೋರ್ಟು ಮೆಟ್ಟಿಲು ಹತ್ತಿತು. ಸ್ಮಾರಕ ಮೈಸೂರಿಗೆ ಹೋಗಿ 2023ರಲ್ಲಿ ಉದ್ಘಾಟನೆಯಾಯಿತು. 2025ರ ಆಗಸ್ಟ್‌ನಲ್ಲಿ ಸ್ಟುಡಿಯೊದಲ್ಲಿದ್ದ ಸಮಾಧಿಯನ್ನು ಕೆಡವಲಾಯಿತು, ಅಭಿಮಾನಿಗಳು ಬೀದಿಗಿಳಿದರು. ಅದೇ ತಿಂಗಳು ಸರ್ಕಾರ ಆ ಜಮೀನನ್ನು ವಾಪಸು ಪಡೆಯಲು ಮುಂದಾಯಿತು.