ನಲವತ್ತೆರಡರ ‘ಹೊಸ ಆಟಗಾರ’

1965ರ ಸೆಪ್ಟೆಂಬರ್ 25. ಅಮೆರಿಕದ ಕ್ಯಾನ್ಸಸ್ ಸಿಟಿಯ ಬೇಸ್‌ಬಾಲ್ ಮೈದಾನದ ಅಂಚಿನಲ್ಲಿ ಹಿರಿಯನೊಬ್ಬ ತೂಗುಕುರ್ಚಿಯಲ್ಲಿ ಕುಳಿತಿದ್ದ. ಪಕ್ಕದಲ್ಲಿ ಒಬ್ಬ ನರ್ಸ್. ಜನರನ್ನು ಸೆಳೆಯಲು ತಂಡದ ಮಾಲೀಕ ಹೂಡಿದ ತಮಾಷೆ ಅದು. ಆದರೆ ಕುರ್ಚಿಯಿಂದೆದ್ದು ಚೆಂಡು ಕೈಗೆತ್ತಿಕೊಂಡ ಆತ ಬಾಸ್ಟನ್ ತಂಡಕ್ಕೆ ಮೂರು ಇನಿಂಗ್ಸ್‌ಗಳಲ್ಲಿ ಒಂದು ರನ್ನನ್ನೂ ಬಿಟ್ಟುಕೊಡಲಿಲ್ಲ. ಆಗ ಆತನ ವಯಸ್ಸು 59. ಹೆಸರು ಲೆರಾಯ್ ‘ಸ್ಯಾಚೆಲ್’ ಪೇಜ್.

ಬೇಸ್‌ಬಾಲ್‌ನಲ್ಲಿ ಪಿಚರ್ ಎಂದರೆ ಕ್ರಿಕೆಟ್ಟಿನ ಬೌಲರ್ ಇದ್ದಂತೆ. ಆದರೆ ಆತ ಓಡಿ ಬರುವಂತಿಲ್ಲ. ಸುಮಾರು 60 ಅಡಿ ದೂರದ ಬ್ಯಾಟುಗಾರನತ್ತ ನಿಂತಲ್ಲಿಂದಲೇ ಚೆಂಡೆಸೆಯಬೇಕು. ಓವರುಗಳ ಲೆಕ್ಕವಿಲ್ಲ, ಇಡೀ ಪಂದ್ಯವನ್ನು ಒಬ್ಬನೇ ಎಸೆದು ಮುಗಿಸಲೂಬಹುದು. ತೋಳೇ ಬಂಡವಾಳವಾದ್ದರಿಂದ ನಲವತ್ತು ದಾಟಿ ಉಳಿಯುವ ಪಿಚರ್‌ಗಳು ವಿರಳ.

ಪೇಜ್ ಹುಟ್ಟಿದ್ದು 1906ರಲ್ಲಿ, ಅಲಬಾಮಾ ರಾಜ್ಯದ ಮೊಬೀಲ್ ಪಟ್ಟಣದ ಬಡ ಕಪ್ಪು ಕುಟುಂಬದಲ್ಲಿ. ರೈಲು ನಿಲ್ದಾಣದಲ್ಲಿ ಪ್ರಯಾಣಿಕರ ಚೀಲ ಹೊರುತ್ತಿದ್ದುದರಿಂದ ‘ಸ್ಯಾಚೆಲ್’, ಅಂದರೆ ಕೈಚೀಲ, ಎಂಬ ಅಡ್ಡಹೆಸರು ಅಂಟಿತಂತೆ. ಸಣ್ಣ ಕಳ್ಳತನಕ್ಕಾಗಿ 12ನೇ ವಯಸ್ಸಿನಲ್ಲಿ ಸುಧಾರಣಾ ಶಾಲೆ ಸೇರಬೇಕಾಯಿತು. ಚೆಂಡೆಸೆತದ ಪಾಠ ಕಲಿತದ್ದು ಅಲ್ಲಿಯೇ.

ಪ್ರತಿಭೆಯಿದ್ದರೂ ಮೇಜರ್ ಲೀಗ್‌ನ ಬಾಗಿಲು ಮುಚ್ಚಿತ್ತು. ಕಪ್ಪು ಆಟಗಾರರನ್ನು ಸೇರಿಸಬಾರದೆಂಬ ಲಿಖಿತ ನಿಯಮವೇನೂ ಇರಲಿಲ್ಲ. ಮಾಲೀಕರ ನಡುವಿನ ಅಲಿಖಿತ ಒಪ್ಪಂದವೇ ಸಾಕಾಗಿತ್ತು. ಹೀಗಾಗಿ ಕಪ್ಪು ಜನ 1920ರಲ್ಲಿ ತಮ್ಮದೇ ನೀಗ್ರೋ ನ್ಯಾಷನಲ್ ಲೀಗ್ ಕಟ್ಟಿಕೊಂಡರು. ಬರ್ಮಿಂಗ್‌ಹ್ಯಾಮ್, ಪಿಟ್ಸ್‌ಬರ್ಗ್, ಕ್ಯಾನ್ಸಸ್ ಸಿಟಿ ತಂಡಗಳಲ್ಲಿ ಪೇಜ್ ಮಿಂಚಿದ್ದು ಇಂಥ ಲೀಗ್‌ಗಳಲ್ಲೇ. ಋತು ಮುಗಿದ ಮೇಲೆ ಊರೂರು ಅಲೆದು ಹಣಕ್ಕಾಗಿ ಆಡುತ್ತಿದ್ದ. ಬಿಳಿಯ ತಾರೆಯರ ತಂಡಗಳನ್ನೂ ಎದುರಿಸಿದ. ಮೈದಾನದಲ್ಲಿ ಚಪ್ಪಾಳೆ ತಟ್ಟಿದ ಊರುಗಳಲ್ಲೇ ಹೋಟೆಲುಗಳು ಕಪ್ಪು ಆಟಗಾರರಿಗೆ ಕೋಣೆ ಕೊಡುತ್ತಿರಲಿಲ್ಲ.

1938ರಲ್ಲಿ ತೋಳು ಕೈಕೊಟ್ಟಿತು. ಕಥೆ ಮುಗಿಯಿತು ಎಂದುಕೊಂಡವರೇ ಹೆಚ್ಚು. ಆದರೆ ಚೇತರಿಸಿಕೊಂಡ ಪೇಜ್ 1942ರಲ್ಲಿ ಕ್ಯಾನ್ಸಸ್ ಸಿಟಿ ಮೊನಾರ್ಕ್ಸ್ ತಂಡಕ್ಕೆ ನೀಗ್ರೋ ವರ್ಲ್ಡ್ ಸೀರೀಸ್ ಗೆಲ್ಲಲು ನೆರವಾದ.

1947ರಲ್ಲಿ ವರ್ಣದ ಗೋಡೆ ಒಡೆದದ್ದು ಅದೇ ಮೊನಾರ್ಕ್ಸ್ ತಂಡದಲ್ಲಿ ಆಡಿದ್ದ ಕಿರಿಯ ಆಟಗಾರ ಜಾಕಿ ರಾಬಿನ್ಸನ್. ಆ ಮೊದಲ ಗೌರವ ತನಗೆ ಸಿಗಲಿಲ್ಲವೆಂಬ ನೋವು ಪೇಜ್‌ಗಿತ್ತು. 1948ರ ಜುಲೈ 7ರಂದು, ತನ್ನ 42ನೇ ಹುಟ್ಟುಹಬ್ಬದ ದಿನ, ಆತ ಕ್ಲೀವ್‌ಲೆಂಡ್ ತಂಡ ಸೇರಿದ. ಎರಡು ದಶಕ ಆಡಿ ಪಳಗಿದವನು ಮೇಜರ್ ಲೀಗ್‌ನ ಲೆಕ್ಕದಲ್ಲಿ ‘ಹೊಸ ಆಟಗಾರ’! ಇದು ಪ್ರಚಾರದ ಗಿಮಿಕ್ ಎಂಬ ಟೀಕೆಗೆ ಆತ ಚೆಂಡಿನಲ್ಲೇ ಉತ್ತರ ಕೊಟ್ಟ. ಆ ಋತುವಿನಲ್ಲಿ ಆರು ಗೆಲುವು, ಒಂದೇ ಸೋಲು. ಆಗಸ್ಟ್ 20ರಂದು ಆತನ ಆಟ ನೋಡಲು 78,382 ಜನ ಸೇರಿದ್ದರು. ಕ್ಲೀವ್‌ಲೆಂಡ್ ಆ ವರ್ಷ ವರ್ಲ್ಡ್ ಸೀರೀಸ್ ಗೆದ್ದಿತು.

1971ರಲ್ಲಿ ‘ಹಾಲ್ ಆಫ್ ಫೇಮ್’ಗೆ ಆಯ್ಕೆಯಾದಾಗಲೂ ನೀಗ್ರೋ ಲೀಗ್‌ನವರಿಗೆ ಬೇರೆ ವಿಭಾಗ ಎಂಬ ಮಾತು ಬಂತು. ಆಕ್ಷೇಪ ಎದ್ದ ಮೇಲೆ ಎಲ್ಲರ ಸಾಲಿನಲ್ಲೇ ಜಾಗ ಸಿಕ್ಕಿತು. ಪೇಜ್ 1982ರಲ್ಲಿ ತೀರಿಕೊಂಡ.

ಮೇಜರ್ ಲೀಗ್ ಆಡಳಿತ ನೀಗ್ರೋ ಲೀಗ್‌ಗಳನ್ನು ತನಗೆ ಸಮಾನವೆಂದು ಒಪ್ಪಿಕೊಂಡದ್ದು 2020ರಲ್ಲಿ. 2024ರಲ್ಲಿ ಆ ಲೀಗ್‌ಗಳ 2,300ಕ್ಕೂ ಹೆಚ್ಚು ಆಟಗಾರರ ಅಂಕಿಅಂಶ ಅಧಿಕೃತ ದಾಖಲೆಗೆ ಸೇರಿತು. ಆದರೆ ಸೇರಿದ್ದು ಲೀಗ್ ಪಂದ್ಯಗಳು, ಅದೂ ದಾಖಲೆ ಸಿಕ್ಕಷ್ಟು ಮಾತ್ರ. ಊರೂರು ಸುತ್ತಿ ಪೇಜ್ ಆಡಿದ ಅಸಂಖ್ಯ ಪಂದ್ಯಗಳು ಆ ಪುಸ್ತಕದಲ್ಲಿಲ್ಲ. ತಪ್ಪನ್ನು ಒಪ್ಪಿಕೊಳ್ಳುವುದು ಎಂದಿದ್ದರೂ ಒಳ್ಳೆಯದೇ. ಆದರೆ ಇಪ್ಪತ್ತೈದರ ಹರೆಯದ ಆ ತೋಳಿನ ಎಸೆತವನ್ನು ಮೇಜರ್ ಲೀಗ್‌ನಲ್ಲಿ ನೋಡುವ ಭಾಗ್ಯ ಯಾರಿಗೂ ಸಿಗಲಿಲ್ಲ. ಆ ನಷ್ಟ ಪೇಜ್ ಒಬ್ಬನದಲ್ಲ, ಆಟದ್ದೂ ಹೌದು.